ಶಾಲು ಹೊದಿಸಿ ಕಳಿಸಿದ ಬ್ಯಾಂಕಿನ ಮೇಲೇ ಗ್ರಾಚ್ಯುಟಿಗೆ ಕೇಸು ಹಾಕಬೇಕಾಯ್ತು

2021ರ ಜನವರಿ 31 ಭಾನುವಾರ ಬಂದಿತ್ತು, ಹಾಗಾಗಿ ಹಿಂದಿನ ದಿನ ಶನಿವಾರ ಸಾಯಂಕಾಲವೇ ನನಗೆ ಬೀಳ್ಕೊಡುಗೆ ಮಾಡಿದ್ರು. ಹಾರ, ಶಾಲು, ಮೈಸೂರು ಪೇಟ, ಹಣ್ಣಿನ ಬುಟ್ಟಿ, ಒಂದು ಗೋಡೆ ಗಡಿಯಾರ. ಅಧ್ಯಕ್ಷರು ಮೈಕ್ ಹಿಡ್ಕೊಂಡು "ಇವರು ನಮ್ಮ ಬ್ಯಾಂಕಿನ ಆಸ್ತಿ" ಅಂದ್ರು, ನನ್ನ ಹೆಂಡತಿ ಮುಂದಿನ ಸಾಲಲ್ಲಿ ಕೂತಿದ್ದವಳು ಸೆರಗಲ್ಲಿ ಕಣ್ಣೊರೆಸಿಕೊಂಡ್ಲು. ಅದೇ ಬ್ಯಾಂಕು ನನ್ನ ಗ್ರಾಚ್ಯುಟಿ (ರಿಟೈರ್ ಆದಾಗ ಸೇವೆಯ ವರ್ಷಕ್ಕೆ ತಕ್ಕ ಹಾಗೆ ಕೊಡೋ ಇಡಿಗಂಟು), ರಜೆ ಸಂಬಳ, ಸಿಬ್ಬಂದಿ ಠೇವಣಿ ಮೂರನ್ನೂ ತಡೆ ಹಿಡಿಯುತ್ತೆ, ಅದಕ್ಕೋಸ್ಕರ ನಾನು ಮೂರು ವರ್ಷ ಕಚೇರಿ ಮೆಟ್ಟಿಲು ಹತ್ತಿ ಇಳೀಬೇಕಾಗುತ್ತೆ ಅಂತ ಅವತ್ತು ಯಾರಾದ್ರೂ ಹೇಳಿದ್ರೆ ನಾನು ನಂಬ್ತಿರಲಿಲ್ಲ. ನಮ್ಮದು ತಾಲ್ಲೂಕು ಕೇಂದ್ರದ ಒಂದು ಪಟ್ಟಣ ಸಹಕಾರ ಬ್ಯಾಂಕು, ಹೆಸರು ಬೇಡ, ಕೊನೇ ಕೇಸು ಇನ್ನೂ ನಡೀತಿದೆ. ನನ್ನ ಥರ ಸಹಕಾರ ಬ್ಯಾಂಕಲ್ಲಿ ದುಡಿದು ರಿಟೈರ್ ಆಗೋರು ಸಾವಿರಾರು ಜನ ಇದಾರೆ, ಯಾವ ಕಚೇರಿಗೆ ಹೋಗ್ಬೇಕು, ಯಾವ ಕಾಗದ ಬೇಕು ಅನ್ನೋದು ಗೊತ್ತಿಲ್ದೆ ನಿರ್ದೇಶಕರ ಮನೆ ಬಾಗಿಲು ಕಾಯ್ತಾ ವರ್ಷ ಕಳೀತಾರೆ, ಅವರಿಗೋಸ್ಕರ ಇದನ್ನ ಬರೀತಿದೀನಿ.

ನಾನು ಸೇರಿದ್ದು 1989ರ ಜೂನ್ 1ಕ್ಕೆ, ದಿನಗೂಲಿ ಮೇಲೆ ತಾತ್ಕಾಲಿಕ ಗುಮಾಸ್ತ ಅಂತ. ಕಾಯಂ ಆಗಿದ್ದು 1995ರ ಜೂನಲ್ಲಿ. ಮಧ್ಯದ ಆರು ವರ್ಷ ಒಂದು ದಿನ ಬಿಡದೆ ಕೌಂಟರ್‌ನಲ್ಲಿ ಕೂತಿದೀನಿ, ಕ್ಯಾಶ್ ಸ್ಕ್ರಾಲ್ ಬರ್ದಿದೀನಿ, ಲೆಡ್ಜರ್ ಪೋಸ್ಟಿಂಗ್ ಮಾಡಿದೀನಿ, ಮಾರ್ಚ್ ತಿಂಗಳಲ್ಲಿ ಬ್ಯಾಲೆನ್ಸ್ ತಾಳೆ ಆಗೋವರೆಗೂ ರಾತ್ರಿ ಹನ್ನೊಂದಾದ್ರೂ ಎದ್ದಿಲ್ಲ. ಆದ್ರೆ ಸೇವಾ ಪುಸ್ತಕ ಓಪನ್ ಆಗಿದ್ದು 1995ಕ್ಕೆ, ಪಿಎಫ್ ಕಟ್ಟಿದ್ದೂ ಅಲ್ಲಿಂದಾನೇ. ಗಲಾಟೆ ಪೂರ್ತಿ ಈ ಆರು ವರ್ಷದ ಸುತ್ತಾನೇ ನಡೀತು.

ಗ್ರಾಚ್ಯುಟಿ ಲೆಕ್ಕ ಕಷ್ಟ ಏನಿರಲಿಲ್ಲ, ಆಗಿದ್ದ 1972ರ ಗ್ರಾಚ್ಯುಟಿ ಕಾಯ್ದೆಯಲ್ಲೇ ಇತ್ತು. ಕೊನೇ ತಿಂಗಳ ಮೂಲ ವೇತನ ಮತ್ತು ಡಿಎ, ಅಂದ್ರೆ ತುಟ್ಟಿಭತ್ಯೆ, ಎರಡನ್ನ ಕೂಡಿ (ಮನೆ ಬಾಡಿಗೆ ಭತ್ಯೆ ಸೇರ್ತಿರಲಿಲ್ಲ) 26ರಿಂದ ಭಾಗಿಸಿ, 15ರಿಂದ ಗುಣಿಸಿ, ಅದನ್ನ ಎಷ್ಟು ವರ್ಷ ಸೇವೆ ಆಗಿದೆಯೋ ಅಷ್ಟರಿಂದ ಗುಣಿಸಬೇಕಿತ್ತು, ಕೊನೇಲಿ ಆರು ತಿಂಗಳಿಗಿಂತ ಜಾಸ್ತಿ ಉಳಿದ್ರೆ ಅದನ್ನೂ ಒಂದು ವರ್ಷ ಅಂತ ಹಿಡೀಬೇಕಿತ್ತು. ನನ್ನದು ಮೂಲ ವೇತನ ಡಿಎ ಸೇರಿ 48,620 ರೂಪಾಯಿ. ದಿನಕ್ಕೆ 1,870, ಹದಿನೈದು ದಿನಕ್ಕೆ 28,050. ಸೇವೆ 31 ವರ್ಷ 8 ತಿಂಗಳು, ಅಂದ್ರೆ 32. ಒಟ್ಟು 8,97,600. ಬ್ಯಾಂಕು ಹೇಳಿದ್ದು 1995ರಿಂದ ಲೆಕ್ಕ, 26 ವರ್ಷ, 7,29,300 ಅಂತ. ಅದನ್ನಾದ್ರೂ ಕೊಟ್ರಾ ಅಂದ್ರೆ ಅದೂ ಇಲ್ಲ.

ಫೆಬ್ರವರಿಯಲ್ಲೇ ಫಾರಂ ಐ, ಅಂದ್ರೆ ಬ್ಯಾಂಕಿಗೆ ಗ್ರಾಚ್ಯುಟಿ ಕೇಳೋ ಅರ್ಜಿ, ತುಂಬಿ ತಗೊಂಡು ಹೋದೆ. ಕಾರ್ಯದರ್ಶಿಗಳು ನಗ್ತಾ ಮಾತಾಡಿಸಿದ್ರು, ಕಾಫಿ ತರಿಸಿದ್ರು, "ಇದೆಲ್ಲ ಯಾಕೆ ಸಾರ್, ನಮ್ಮೋರೇ ಅಲ್ವಾ, ಮುಂದಿನ ಬೋರ್ಡ್ ಮೀಟಿಂಗಲ್ಲಿ ಇಡ್ತೀನಿ" ಅಂದ್ರು, ಆದ್ರೆ ಇನ್ನೊಂದು ಪ್ರತಿ ಮೇಲೆ ಸೀಲ್ ಹಾಕಿ ಸ್ವೀಕೃತಿ ಮಾತ್ರ ಕೊಡಲಿಲ್ಲ. ಮನೆಗೆ ಬಂದಾಗ ನಮ್ಮ ಮನೆಯವಳೇ ಕೇಳಿದ್ಲು, "ಸೀಲ್ ಎಲ್ಲಿ?" ಅಂತ. ಮಾರನೇ ದಿನ ಅದೇ ಫಾರಂ ರಿಜಿಸ್ಟರ್ಡ್ ಪೋಸ್ಟಲ್ಲಿ ಕಳಿಸ್ದೆ. ತಲುಪಿದೆ ಅಂತ ಸಹಿಯಾಗಿ ವಾಪಸ್ ಬಂದ ಆ ಎ.ಡಿ. ಕಾರ್ಡು, ಹಳದಿ ಬಣ್ಣದ ಒಂದು ಚೂರು ರಟ್ಟು, ಮುಂದೆ ಕೇಸಲ್ಲಿ ನನ್ನ ಮೊದಲನೇ ದಾಖಲೆ ಆಯ್ತು. ಅರ್ಜಿ ಬಂದೇ ಇಲ್ಲ ಅಂತ ಬ್ಯಾಂಕು ತಕರಾರು ತೆಗೆದಾಗ ಅದನ್ನ ತೋರಿಸಿದ್ದಕ್ಕೆ ಆ ವಿಷಯ ಅಲ್ಲಿಗೇ ಮುಗೀತು.

ಏಪ್ರಿಲ್ ಮೇ ಕೊರೊನಾ ಎರಡನೇ ಅಲೆ, ಲಾಕ್‌ಡೌನ್, ಯಾರನ್ನೂ ಕೇಳೋ ಹಾಗಿರಲಿಲ್ಲ. ಜೂನ್ ಕೊನೇಲಿ ಒಂದು ಪತ್ರ ಬಂತು. ನಾನು ಶಾಖಾ ವ್ಯವಸ್ಥಾಪಕ ಆಗಿದ್ದಾಗ ಕೊಟ್ಟ ಎರಡು ಸಾಲ ವಸೂಲಾಗದೆ ಎನ್‌ಪಿಎ ಆಗಿದೆ, ಅದು ತೀರುವಳಿ ಆಗೋವರೆಗೂ "ನಿವೃತ್ತಿ ಸೌಲಭ್ಯಗಳನ್ನು ತಡೆ ಹಿಡಿಯಲು ಆಡಳಿತ ಮಂಡಳಿ ನಿರ್ಣಯಿಸಿದೆ" ಅಂತ ಎರಡೇ ಸಾಲು. ಆ ಎರಡೂ ಸಾಲ ಸಾಲ ಉಪಸಮಿತಿಯಲ್ಲಿ ಪಾಸಾಗಿ ನಿರ್ದೇಶಕರ ಸಹಿ ಆಗಿ ಬಂದಿದ್ದು. ಕೆಲಸದಲ್ಲಿದ್ದಾಗ ಅದರ ಬಗ್ಗೆ ನನಗೆ ಒಂದು ನೋಟಿಸ್ ಕೊಟ್ಟಿಲ್ಲ, ಚಾರ್ಜ್‌ಶೀಟ್ ಇಲ್ಲ, ವಿಚಾರಣೆ ಇಲ್ಲ. ಆ ಪತ್ರ ಓದಿದ ದಿನ ನನಗೆ ಊಟ ಸೇರಲಿಲ್ಲ. ದುಡ್ಡು ತಡ ಆಗಿದ್ದಕ್ಕಿಂತ 31 ವರ್ಷ ದುಡಿದಿದ್ದಕ್ಕೆ ಕಳ್ಳನ ಪಟ್ಟ ಕಟ್ಟಿದ್ರಲ್ಲ ಅನ್ನೋದು ಜಾಸ್ತಿ ನೋವಾಯ್ತು, ಇವತ್ತಿಗೂ ಅದನ್ನ ನೆನೆಸಿಕೊಂಡ್ರೆ ಹೊಟ್ಟೆ ಉರಿಯುತ್ತೆ. ಇದರ ಜೊತೆಗೆ ಅದೇ ಬ್ಯಾಂಕಲ್ಲಿ ನನ್ನ ಮನೆ ಸಾಲ ಇನ್ನೂ ಬಾಕಿ ಇತ್ತು, ರಿಟೈರ್ ಆದ ಮಾರನೇ ತಿಂಗಳಿಂದಲೇ ಸಿಬ್ಬಂದಿ ಬಡ್ಡಿ ದರ ತೆಗೆದು ಸಾರ್ವಜನಿಕ ದರ ಹಾಕಿದ್ರು, ಒಂದು ಕಂತು ತಡ ಆಗಿದ್ದಕ್ಕೆ ಸುಸ್ತಿ ಬಡ್ಡಿ ಬೇರೆ. ನನ್ನ ಒಂಬತ್ತು ಲಕ್ಷ ಅವರ ಕೈಲಿ ಬಡ್ಡಿ ಇಲ್ದೆ ಬಿದ್ದಿದೆ, ನಾನು ಅವರಿಗೆ ಸುಸ್ತಿ ಬಡ್ಡಿ ಕಟ್ತಿದೀನಿ.

ಜಿಲ್ಲಾ ಕೇಂದ್ರದಲ್ಲಿ ಬ್ಯಾಂಕ್ ನೌಕರರ ಸಂಘದಲ್ಲಿ ಓಡಾಡಿದ ಹಿರಿಯರೊಬ್ಬರಿದಾರೆ, ಎಲ್ಲರೂ ಅಣ್ಣ ಅಂತಾನೇ ಕರೀತೀವಿ. ಅವರ ಹತ್ರ ಫೈಲ್ ತಗೊಂಡು ಹೋದಾಗ ಮೊದಲನೇ ಮಾತೇ, "ನಿನ್ನ ಎಲ್ಲಾ ದುಡ್ಡನ್ನ ಒಂದೇ ಗಂಟು ಕಟ್ಟಬೇಡ, ಒಂದೊಂದಕ್ಕೂ ಒಂದೊಂದು ಬಾಗಿಲು ಇದೆ" ಅಂದ್ರು. ಗ್ರಾಚ್ಯುಟಿಗೆ ಕಾರ್ಮಿಕ ಇಲಾಖೆ. ರಜೆ ಸಂಬಳ, ಠೇವಣಿ, ಇತರೆ ಸೇವಾ ವಿಷಯಕ್ಕೆ ಸಹಕಾರ ಇಲಾಖೆ, ಅಂದ್ರೆ ಕರ್ನಾಟಕ ಸಹಕಾರ ಸಂಘಗಳ ಕಾಯ್ದೆ 1959ರ ಕಲಂ 70ರ ದಾವೆ. ಪಿಎಫ್, ಪಿಂಚಣಿಗೆ ಪಿಎಫ್ ಕಚೇರಿ. ನಾನು ಅಲ್ಲೀವರೆಗೂ ಒಬ್ಬ ವಕೀಲರ ಮಾತು ಕೇಳಿ ಎಲ್ಲಾ ಸೇರಿಸಿ ಲೇಬರ್ ಕೋರ್ಟಿಗೆ ಹಾಕೋಣ ಅಂತ ರೆಡಿಯಾಗಿದ್ದೆ. ಹಾಕಿದ್ರೆ ವರ್ಷಗಟ್ಟಲೆ ನಡೆಸಿ ಕೊನೆಗೆ ನಮಗೆ ಅಧಿಕಾರ ಇಲ್ಲ ಅಂತ ವಾಪಸ್ ಕಳಿಸ್ತಿದ್ರು. ಯಾಕಂದ್ರೆ ನಮ್ಮ ರಾಜ್ಯದಲ್ಲಿ 2000ದಲ್ಲಿ ಆದ ತಿದ್ದುಪಡಿಯಿಂದ ಸಹಕಾರ ಸಂಘದ ನೌಕರರ ಸೇವಾ ವಿವಾದಗಳು ಲೇಬರ್ ಕೋರ್ಟಿಂದ ಕಲಂ 70ಕ್ಕೆ ಹೋಗಿವೆ, ವಿಜಾಪುರದ ಹಾಲು ಒಕ್ಕೂಟದ ನೌಕರನ ಕೇಸಲ್ಲಿ ಸುಪ್ರೀಂ ಕೋರ್ಟು 2007ರಲ್ಲಿ ಅದನ್ನೇ ಹೇಳಿದೆ. ಗ್ರಾಚ್ಯುಟಿ ಮಾತ್ರ ಬೇರೆ, ಅದಕ್ಕೆ ಆಗ ಇದ್ದದ್ದು ಕೇಂದ್ರದ ವಿಶೇಷ ಕಾಯ್ದೆ, ಅದರ 14ನೇ ಕಲಂ ಪ್ರಕಾರ ಬೇರೆ ಯಾವ ಕಾನೂನು ಅಡ್ಡ ಬಂದ್ರೂ ಅದೇ ಮೇಲಾಗಿತ್ತು.

ಇನ್ನೊಂದು ಆಸೆಯನ್ನೂ ಅಣ್ಣ ಅವತ್ತೇ ಬಿಡಿಸಿದ್ರು. ನಮ್ಮ ಬ್ಯಾಂಕಿನ ಹಳೇ ಸೇವಾ ನಿಯಮದಲ್ಲಿ ವರ್ಷಕ್ಕೆ ಒಂದು ತಿಂಗಳ ಸಂಬಳ ಗ್ರಾಚ್ಯುಟಿ ಅಂತಿತ್ತು, ಆದ್ರೆ ಒಟ್ಟು ಮೂರೂವರೆ ಲಕ್ಷ ಮೀರಬಾರದು ಅಂತ ಮಿತಿ. ಕಾಯ್ದೆಯಲ್ಲಿ ಹದಿನೈದು ದಿನ, ಆದ್ರೆ 2018ರ ಮಾರ್ಚ್‌ನಿಂದ ಮಿತಿ 20 ಲಕ್ಷ. ಒಂದು ತಿಂಗಳ ಲೆಕ್ಕ ಬ್ಯಾಂಕಿಂದು, 20 ಲಕ್ಷದ ಮಿತಿ ಕಾಯ್ದೆದು ತಗೊಂಡ್ರೆ ದುಪ್ಪಟ್ಟಿನ ಹತ್ರ ಬರುತ್ತಲ್ಲ ಅಂತ ಕೇಳಿದೆ. ಹಂಗೆ ಅರ್ಧ ಇದರಿಂದ ಅರ್ಧ ಅದರಿಂದ ಆರಿಸ್ಕೊಳ್ಳೋಕೆ ಬರಲ್ಲ, ಮಹಾರಾಷ್ಟ್ರದ ಬೀಡ್ ಜಿಲ್ಲಾ ಕೇಂದ್ರ ಸಹಕಾರ ಬ್ಯಾಂಕಿನ ಕೇಸಲ್ಲಿ 2006ರಲ್ಲೇ ಸುಪ್ರೀಂ ಕೋರ್ಟು ಹೇಳಿದೆ, ಯಾವುದಾದ್ರೂ ಒಂದನ್ನ ಪೂರ್ತಿ ತಗೋಬೇಕು ಅಂದ್ರು. ನಾನು ಕಾಯ್ದೆ ಲೆಕ್ಕ ಹಿಡಿದೆ.

2021ರ ಅಕ್ಟೋಬರಲ್ಲಿ ಸಹಾಯಕ ಕಾರ್ಮಿಕ ಆಯುಕ್ತರ ಕಚೇರಿಯಲ್ಲಿ ಫಾರಂ ಎನ್, ಅಂದ್ರೆ ಗ್ರಾಚ್ಯುಟಿ ಕೊಡಿಸಿ ಅನ್ನೋ ಅರ್ಜಿ, ಹಾಕಿದೆ. ಆ ಕಾಯ್ದೆ ಕೆಳಗೆ ಅವರೇ ನಿಯಂತ್ರಣ ಪ್ರಾಧಿಕಾರ, ಅಂದ್ರೆ ತಕರಾರು ತೀರ್ಮಾನ ಮಾಡೋರು, ಆಗಿದ್ರು. ತಡ ಆಗಿದ್ದಕ್ಕೆ ಕೊರೊನಾ ಕಾರಣ ಬರೆದು ಒಂದು ಪ್ರತ್ಯೇಕ ಅರ್ಜಿ ಕೊಟ್ಟಿದ್ದೆ, ತಗೊಂಡ್ರು. ಕೋರ್ಟು ಅಂದ್ರೆ ಏನೇನೋ ಕಲ್ಪನೆ ಮಾಡ್ಕೊಂಡಿದ್ದೆ, ಇಲ್ಲಿ ನೋಡಿದ್ರೆ ಒಂದು ಸಣ್ಣ ಹಾಲು, ಉದ್ದ ಮೇಜು, ಒಂದು ಕಡೆ ನಾನು, ಇನ್ನೊಂದು ಕಡೆ ಬ್ಯಾಂಕಿನ ವಕೀಲರು. ಹೊರಗಡೆ ಬೆಂಚಲ್ಲಿ ಗಾರ್ಮೆಂಟ್ಸ್ ಹೆಣ್ಮಕ್ಕಳು, ರೈಸ್ ಮಿಲ್ ಹಮಾಲರು, ಖಾಸಗಿ ಶಾಲೆಯ ಒಬ್ಬ ಮೇಡಮ್ಮು, ಎಲ್ಲರ ಕೈಲೂ ಒಂದೊಂದು ಪ್ಲಾಸ್ಟಿಕ್ ಕವರ್, ಅದರೊಳಗೆ ಕಾಗದ. ನಾನೂ ಅವರ ಪಕ್ಕ ನನ್ನ ಕವರ್ ಹಿಡ್ಕೊಂಡು ಕೂತೆ. ಒಟ್ಟು ಹದಿನಾಲ್ಕು ವಾಯಿದೆ ಆಯ್ತು, ಅದರಲ್ಲಿ ಅರ್ಧ ಬರೀ ಸಮಯ ಕೇಳೋದು, ವಕೀಲರು ಬಂದಿಲ್ಲ, ಅಧಿಕಾರಿಗಳು ಮೀಟಿಂಗಲ್ಲಿದಾರೆ, ಇದೇ.

ಬ್ಯಾಂಕು ಮೂರು ವಾದ ಇಟ್ಟಿತು. ಒಂದು, ಇದು ಸಹಕಾರ ಸಂಘ, ಸಹಕಾರ ಕಾಯ್ದೆಯ ಕಲಂ 118 ಪ್ರಕಾರ ಬೇರೆ ಯಾರಿಗೂ ಅಧಿಕಾರ ಇಲ್ಲ. ಎರಡು, ಸಾಲದ ನಷ್ಟಕ್ಕೆ ತಡೆ ಹಿಡಿಯೋ ಹಕ್ಕು ಇದೆ. ಮೂರು, 1995ಕ್ಕಿಂತ ಮುಂಚೆ ನಾನು ನೌಕರನೇ ಅಲ್ಲ. ಮೊದಲನೆಯದು ಗ್ರಾಚ್ಯುಟಿ ಕಾಯ್ದೆಯ 14ನೇ ಕಲಂ ಮುಂದೆ ನಿಲ್ಲಲಿಲ್ಲ. ಎರಡನೆಯದಕ್ಕೆ ಉತ್ತರ ಅದೇ ಕಾಯ್ದೆಯ 4ನೇ ಕಲಂನ 6ನೇ ಉಪಕಲಂನಲ್ಲೇ ಇತ್ತು, ಗ್ರಾಚ್ಯುಟಿ ಮುಟ್ಟುಗೋಲು ಹಾಕ್ಬೇಕಂದ್ರೆ ನಷ್ಟ ಮಾಡಿದ ಅಥವಾ ದುರ್ನಡತೆ ಕಾರಣಕ್ಕೆ ಆ ನೌಕರನ್ನ ಕೆಲಸದಿಂದ ತೆಗೆದಿರಬೇಕು. ನನ್ನನ್ನ ಯಾರೂ ತೆಗೆದಿಲ್ಲ, ವಯಸ್ಸಾಗಿ ನಿವೃತ್ತಿ ಆಗಿದೀನಿ, ಬೀಳ್ಕೊಡುಗೆ ಫೋಟೊ ಬ್ಯಾಂಕಿನ ವಾರ್ಷಿಕ ವರದಿಯಲ್ಲೇ ಹಾಕಿದಾರೆ. ವಿಚಾರಣೆ ಬಾಕಿ ಇದ್ದಾಗ ರಿಟೈರ್ ಆದವರ ಕಥೆ ಬೇರೆ, ಅಲ್ಲಿ ಸೇವಾ ನಿಯಮದಲ್ಲಿ ಅವಕಾಶ ಇದ್ರೆ ತಡೆ ಹಿಡೀಬಹುದು ಅಂತ 2020ರ ತೀರ್ಪಿದೆ, ಅಂಥವರು ಇದನ್ನ ತಿಳ್ಕೊಂಡೇ ಹೆಜ್ಜೆ ಇಡಿ.

ನನ್ನ ನಿದ್ದೆ ಕೆಡಿಸಿದ್ದು ಮೂರನೆಯದು. ಆ ಆರು ವರ್ಷದ ಹಾಜರಿ ಪುಸ್ತಕ ಕೊಡಿ ಅಂದ್ರೆ ಹಳೇ ಕಟ್ಟಡ ಬಿಟ್ಟಾಗ ಹಾಳಾಗಿದೆ ಅಂದ್ರು. ಮಾಹಿತಿ ಹಕ್ಕಿನಲ್ಲಿ ಬ್ಯಾಂಕಿಗೆ ಅರ್ಜಿ ಹಾಕ್ದೆ, ಸಹಕಾರ ಸಂಘಗಳು ಆರ್‌ಟಿಐಗೆ ಬರಲ್ಲ ಅಂತ 2013ರ ಸುಪ್ರೀಂ ಕೋರ್ಟ್ ತೀರ್ಪು ತೋರಿಸಿ ಉತ್ತರ ಬರೆದ್ರು. ಆದ್ರೆ ಅದೇ ತೀರ್ಪಲ್ಲಿ, ಸಹಕಾರ ಇಲಾಖೆಯ ನಿಬಂಧಕರು ಕಾನೂನಿನ ಪ್ರಕಾರ ಸಂಘದಿಂದ ತರಿಸಿಕೊಳ್ಳಬಹುದಾದ ಮಾಹಿತಿಯನ್ನ ಅವರು ಕೊಡಬೇಕು ಅಂತಾನೂ ಇದೆ. ಹಾಗಾಗಿ ಸಹಕಾರ ಇಲಾಖೆಗೆ, ಲೆಕ್ಕ ಪರಿಶೋಧನಾ ಇಲಾಖೆಗೆ ಬೇರೆ ಬೇರೆ ಅರ್ಜಿ ಹಾಕ್ದೆ. 1991–92ರ ಆಡಿಟ್ ವರದಿ ನಕಲು ಸಿಕ್ತು. ಅದರಲ್ಲಿ "ತಾತ್ಕಾಲಿಕ ಸಿಬ್ಬಂದಿ ವೇತನ" ಅಂತ ಮೊತ್ತ ಇದೆ, ಹೆಸರಿಲ್ಲ. ಅಷ್ಟು ಹತ್ರ ಬಂದು ನಿಂತುಬಿಡ್ತು.

ಆಮೇಲೆ ಒಂದು ಭಾನುವಾರ ಪೇಟೆ ಬೀದಿಯಲ್ಲಿ ನಮ್ಮ ಹಳೇ ಷೇರುದಾರರು, ಟೈಲರ್ ಒಬ್ಬರು ಸಿಕ್ಕಿದ್ರು. ಎಂಬತ್ತು ದಾಟಿದೆ. ನನ್ನ ವಿಷಯ ಕೇಳಿ "ಮಹಾಸಭೆ ಪುಸ್ತಕದಲ್ಲಿ ನಿಮ್ಮೆಲ್ಲರ ಹೆಸರು ಹಾಕ್ತಿದ್ರಲ್ಲಪ್ಪ" ಅಂದ್ರು. ನನಗೆ ಅದು ಹೊಳೆದೇ ಇರಲಿಲ್ಲ. ಮನೆಗೆ ಕರ್ಕೊಂಡು ಹೋಗಿ ಮಂಚದ ಕೆಳಗಿನ ಟ್ರಂಕ್ ಎಳೆದ್ರು, ಷೇರು ಸರ್ಟಿಫಿಕೇಟು, ಹಳೇ ಪಾಸ್‌ಬುಕ್ಕು, ಅದರಡಿ ದಾರ ಕಟ್ಟಿದ ಒಂದು ಕಂತೆ. ಡೆಮಿ ಸೈಜಿನ ತೆಳ್ಳನೆ ಪುಸ್ತಕಗಳು, ಅಚ್ಚುಮೊಳೆಯಲ್ಲಿ ಹೊಡೆದಿದ್ದು, ಹಾಳೆ ಬೆಲ್ಲದ ಬಣ್ಣಕ್ಕೆ ತಿರುಗಿದೆ, ಮೂಲೆಯಲ್ಲಿ ಗೆದ್ದಲು ತಿಂದಿದೆ. 1990–91ರ ವಾರ್ಷಿಕ ವರದಿಯ ಕೊನೇ ಪುಟ ತೆಗೆದ್ರೆ "ಸಿಬ್ಬಂದಿ ವರ್ಗ" ಅಂತ ಪಟ್ಟಿ, ವ್ಯವಸ್ಥಾಪಕರಿಂದ ಶುರುವಾಗಿ ಒಂಬತ್ತನೇ ಸಾಲಲ್ಲಿ ನನ್ನ ಹೆಸರು, ಪಕ್ಕದಲ್ಲಿ "ಗುಮಾಸ್ತರು, ತಾತ್ಕಾಲಿಕ". ಮುಂದಿನ ವರ್ಷದ ಪುಸ್ತಕದಲ್ಲೂ ಇದೆ, ಅದರ ಮುಂದಿನದರಲ್ಲೂ ಇದೆ, ಒಟ್ಟು ಐದು ವರ್ಷದ್ದು ಸಿಕ್ತು. ನಾನು ಆ ಯಜಮಾನರ ಮುಂದೆ ಅತ್ತುಬಿಟ್ಟೆ. ಅವರು ಏನೂ ಮಾತಾಡದೆ ಕಂತೆಯನ್ನ ಬಟ್ಟೆ ಚೀಲದಲ್ಲಿ ಹಾಕಿ ಕೈಗೆ ಕೊಟ್ರು.

ಬ್ಯಾಂಕು ತಾನೇ ಅಚ್ಚು ಹಾಕಿಸಿ, ಅಧ್ಯಕ್ಷರ ಸಹಿ ಹಾಕಿಸಿ, ಸದಸ್ಯರೆಲ್ಲರಿಗೂ ಹಂಚಿದ ಪುಸ್ತಕ, ಅದನ್ನ ಹೆಂಗೆ ಇಲ್ಲ ಅಂತಾರೆ. ಆದ್ರೂ ಆ ಹೆಸರು ಬೇರೆಯವರದು ಇರಬಹುದು ಅಂತ ವಕೀಲರು ಎದ್ರು. ಅದಕ್ಕೆ ಬ್ಯಾಂಕಿನ ಪರ ಸಾಕ್ಷಿ ಹೇಳೋಕೆ ಬಂದಿದ್ದ ಅಧಿಕಾರಿಯ ಪಾಟಿ ಸವಾಲನ್ನ ನಾನೇ ಮಾಡ್ಬೇಕಾಗಿ ಬಂತು, ನನಗೆ ವಕೀಲರಿರಲಿಲ್ಲ. ಆ ಹುಡುಗ ಬ್ಯಾಂಕಿಗೆ ಸೇರಿದಾಗ ನನ್ನ ಪಕ್ಕದ ಕೌಂಟರಲ್ಲಿ ಕೂರಿಸಿ ಡೇ ಬುಕ್ ಬರೆಯೋದು ಹೇಳಿಕೊಟ್ಟಿದ್ದೆ. ನನ್ನ ಹತ್ರ ಟೈಲರ್ ಯಜಮಾನರದೇ 1992ರ ಒಂದು ಪಾಸ್‌ಬುಕ್ ಇತ್ತು, ಅದರಲ್ಲಿ ಎಂಟ್ರಿ ಬರ್ದು ನಾನು ಇನಿಶಿಯಲ್ ಹಾಕಿದೀನಿ. ಅದನ್ನ ಮುಂದಿಟ್ಟು "ಈ ಕೈಬರಹ ಯಾರದು ಅಂತ ಗುರುತಿಸ್ತೀರಾ" ಅಂದೆ. ತುಂಬಾ ಹೊತ್ತು ನೋಡ್ದ. ವಕೀಲರು ಕೆಮ್ಮಿದ್ರು. ಅವನು ತಲೆ ಎತ್ತದೆ "ಹೌದು ಸಾರ್, ನಿಮ್ಮದೇ" ಅಂದ. ಆಯುಕ್ತ ಸಾಹೇಬರು ಅದನ್ನ ಹಾಗೇ ಬರೆಸಿಕೊಂಡ್ರು. ಕೆಲಸ ಹೋಗಬಹುದು ಅನ್ನೋ ಭಯ ಇಟ್ಕೊಂಡೂ ಅವನು ನಿಜ ಹೇಳಿದ, ಅದನ್ನ ನಾನು ಸಾಯೋವರೆಗೂ ಮರೆಯಲ್ಲ.

2023ರ ಏಪ್ರಿಲ್ 6ಕ್ಕೆ ಆದೇಶ ಆಯ್ತು. 32 ವರ್ಷ ಪೂರ್ತಿ, 8,97,600, ಜೊತೆಗೆ ನಿವೃತ್ತಿ ದಿನದಿಂದ ಶೇಕಡಾ 10ರ ಸರಳ ಬಡ್ಡಿ. ಬಡ್ಡಿ ಬಗ್ಗೆ ಒಂದು ಮಾತು ಹೇಳಲೇಬೇಕು, ಎಷ್ಟೋ ಜನ ಅಸಲು ಸಿಕ್ರೆ ಸಾಕು ಅಂತ ಬಡ್ಡಿ ಬಿಟ್ಟು ಸಹಿ ಹಾಕ್ತಾರೆ. ನಮ್ಮ ಕರ್ನಾಟಕದ ಆಗ್ರೋ ಇಂಡಸ್ಟ್ರೀಸ್ ಕಾರ್ಪೊರೇಷನ್ನಿನ ನೌಕರರೊಬ್ಬರ ಕೇಸಲ್ಲೇ ಸುಪ್ರೀಂ ಕೋರ್ಟು 2003ರಲ್ಲಿ, ನೌಕರನ ತಪ್ಪಿಲ್ದೆ ತಡ ಆದ್ರೆ ಬಡ್ಡಿ ಕೊಡೋದು ಕಡ್ಡಾಯ, ದಯೆ ಅಲ್ಲ ಅನ್ನೋ ಅರ್ಥದಲ್ಲಿ ಹೇಳಿದೆ. ನನ್ನ ಹತ್ರಾನೂ ರಾಜಿಗೆ ಬಂದಿದ್ರು, ಏಳು ಲಕ್ಷ ತಗೊಂಡು ಮುಗಿಸಿ ಅಂತ, ನಮ್ಮ ಮನೆಯವಳು ಒಪ್ಪಲಿಲ್ಲ.

ಬ್ಯಾಂಕು ಉಪ ಕಾರ್ಮಿಕ ಆಯುಕ್ತರ ಮುಂದೆ ಅಪೀಲು ಹೋಯ್ತು. ಅಪೀಲಿಗೆ 60 ದಿನ, ಆದ್ರೆ ಗ್ರಾಚ್ಯುಟಿ ಮೊತ್ತ ಪೂರ್ತಿ ಠೇವಣಿ ಇಡದೆ ಉದ್ಯೋಗದಾತರ ಅಪೀಲು ತಗೊಳ್ಳಲ್ಲ, ಈ ಒಂದು ನಿಯಮ ಮಾಡಿದವರಿಗೆ ನಾನು ಕೈಮುಗೀತೀನಿ. ಮೇ 31ಕ್ಕೆ ದುಡ್ಡು ಇಟ್ರು. ಡಿಸೆಂಬರಲ್ಲಿ ಅಪೀಲು ವಜಾ. ಠೇವಣಿ ಇಟ್ಟ ದಿನದವರೆಗೆ 28 ತಿಂಗಳ ಬಡ್ಡಿ 2,09,440, ಎರಡೂ ಸೇರಿ 11,07,040 ರೂಪಾಯಿ 2024ರ ಫೆಬ್ರವರಿಯಲ್ಲಿ ನನ್ನ ಖಾತೆಗೆ ಬಂತು. ಮೊದಲು ಮಾಡಿದ ಕೆಲಸ ಮನೆ ಸಾಲ ತೀರಿಸಿ ಆ ಬ್ಯಾಂಕಿಂದ ಪತ್ರ ಬಿಡಿಸಿಕೊಂಡಿದ್ದು. ಒಂದು ವೇಳೆ ಅಪೀಲೂ ಹಾಕದೆ ದುಡ್ಡೂ ಕೊಡದೆ ಕೂತಿದ್ರೆ ಫಾರಂ ಟಿ ಹಾಕಿ ಪ್ರಾಧಿಕಾರದಿಂದ ಜಿಲ್ಲಾಧಿಕಾರಿಗೆ ವಸೂಲಿ ಪತ್ರ ಹೋಗೋ ಹಾಗೆ ಮಾಡಬಹುದಿತ್ತು, ಭೂಕಂದಾಯದ ಬಾಕಿ ಥರ ವಸೂಲಿ ಮಾಡ್ತಾರೆ.

ಪಿಎಫ್ ಕಥೆ ಬೇಗ ಮುಗೀತು. ಬ್ಯಾಂಕು ಕೆಲಸ ಬಿಟ್ಟ ದಿನಾಂಕ ಹಾಕಿರಲಿಲ್ಲ, ಆಧಾರಲ್ಲಿ ಇನಿಶಿಯಲ್ ಬೇರೆ ಇತ್ತು, ನಾನೂ ಬ್ಯಾಂಕೂ ಸೇರಿ ಸಹಿ ಹಾಕೋ ಜಂಟಿ ಘೋಷಣೆ ಕೊಟ್ಟು ಸರಿ ಮಾಡ್ಸಿದೆ. ಪಿಂಚಣಿ ತಿಂಗಳಿಗೆ ಮೂರು ಸಾವಿರ ಮುಟ್ಟಲ್ಲ. ಅದಕ್ಕೇ ನಮ್ಮಂಥವರಿಗೆ ಗ್ರಾಚ್ಯುಟಿ ಅಂದ್ರೆ ಮುದಿತನದ ಅನ್ನ, ಸರ್ಕಾರಿ ನೌಕರರ ಥರ ಕೈತುಂಬ ಪಿಂಚಣಿ ನಮಗಿಲ್ಲ.

ಇನ್ನು ರಜೆ ಸಂಬಳ. ಸೇವಾ ನಿಯಮದ ಪ್ರಕಾರ 240 ದಿನದ ಗಳಿಕೆ ರಜೆ ನಗದೀಕರಣ, 3,88,960, ಮತ್ತೆ ಸೇರುವಾಗ ಕಟ್ಟಿದ್ದ ಸಿಬ್ಬಂದಿ ಠೇವಣಿ. ಇದಕ್ಕೆ ಉಪನಿಬಂಧಕರ ಮುಂದೆ ಕಲಂ 70ರ ದಾವೆ ಹಾಕಿದ್ದು 2021ರಲ್ಲೇ, ಐತೀರ್ಪು, ಅಂದ್ರೆ ಅವರ ತೀರ್ಪು, ಬಂದಿದ್ದು 2024ರ ಆಗಸ್ಟಲ್ಲಿ. ಇಲ್ಲಿ ಬ್ಯಾಂಕಿನ ವಾದ ಒಂದೇ, ಬ್ಯಾಂಕು ನಷ್ಟದಲ್ಲಿದೆ, ದುಡ್ಡಿಲ್ಲ. ಪಂಜಾಬಿನ ಸಹಕಾರಿ ಕೃಷಿ ಅಭಿವೃದ್ಧಿ ಬ್ಯಾಂಕು ತನ್ನ ನೌಕರರ ಪಿಂಚಣಿ ಯೋಜನೆಯನ್ನ ಹಿಂದಿನಿಂದ ಜಾರಿಗೆ ಬರೋ ಹಾಗೆ ರದ್ದು ಮಾಡಿದಾಗ ಸುಪ್ರೀಂ ಕೋರ್ಟು 2022ರಲ್ಲಿ ಅದನ್ನ ಒಪ್ಪಲಿಲ್ಲ, ಸಂಪನ್ಮೂಲ ಇಲ್ಲ ಅನ್ನೋದು ನೌಕರರಿಗೆ ಬಂದ ಹಕ್ಕು ಕಿತ್ಕೊಳ್ಳೋಕೆ ಕಾರಣ ಆಗಲ್ಲ ಅಂತ ಹೇಳಿತ್ತು. ಆ ತೀರ್ಪಿನ ಪ್ರತಿ ನಾನೇ ಪ್ರಿಂಟ್ ತೆಗೆಸಿ ಗುರುತು ಹಾಕಿ ಕೊಟ್ಟಿದ್ದೆ. ಐತೀರ್ಪು ನನ್ನ ಕಡೆ ಆಯ್ತು, ಬ್ಯಾಂಕು ಕಲಂ 105ರ ಕೆಳಗೆ ಬೆಂಗಳೂರಿನ ಕರ್ನಾಟಕ ಮೇಲ್ಮನವಿ ನ್ಯಾಯಮಂಡಳಿಗೆ ಹೋಗಿದೆ.

ಈಗ ರಿಟೈರ್ ಆಗ್ತಿರೋರಿಗೆ ಒಂದು ವಿಷಯ, 2025ರ ನವೆಂಬರ್ 21ರಿಂದ ಹಳೇ ಗ್ರಾಚ್ಯುಟಿ ಕಾಯ್ದೆ ಜಾಗಕ್ಕೆ ಸಾಮಾಜಿಕ ಭದ್ರತಾ ಸಂಹಿತೆ ಬಂದಿದೆ, ನಾನು ಹೇಳಿದ ಫಾರಂ ಹೆಸರೆಲ್ಲ ಹಳೇ ಕಾಯ್ದೆದು, ಕಾರ್ಮಿಕ ಕಚೇರಿಯಲ್ಲಿ ಈಗಿನದನ್ನ ಕೇಳ್ಕೊಂಡೇ ಹಾಕಿ. ಮಹಾಸಭೆ ಪುಸ್ತಕ, ಹಳೇ ಸಂಬಳ ಚೀಟಿ, ಬೋನಸ್ ಕೊಟ್ಟ ಕಾಗದ, ಒಂದನ್ನೂ ಗುಜರಿಗೆ ಹಾಕಬೇಡಿ.

ಬರೋ ತಿಂಗಳು ಬೆಂಗಳೂರಲ್ಲಿ ಎಂ.ಎಸ್. ಬಿಲ್ಡಿಂಗಲ್ಲಿ ವಾಯಿದೆ ಇದೆ, ಬೆಳಿಗ್ಗೆ ಐದೂವರೆ ಬಸ್ಸಿಗೆ ಹೊರಟ್ರೆ ಹತ್ತೂವರೆಗೆ ಮುಟ್ಟುತ್ತೆ. ಟೈಲರ್ ಯಜಮಾನರು ಹೋದ ವರ್ಷ ತೀರ್ಕೊಂಡ್ರು. ಅವರ ಪುಸ್ತಕದ ಕಂತೆ ಅದೇ ಬಟ್ಟೆ ಚೀಲದಲ್ಲಿ ನನ್ನ ಬೀರುವಲ್ಲಿದೆ, ಕೇಸು ಮುಗಿದ ಮೇಲೆ ಅವರ ಮಗನಿಗೆ ವಾಪಸ್ ಕೊಡ್ತೀನಿ ಅಂತ ಹೇಳಿದೀನಿ.